ಮಕರ, ಯಾಳಿ, ಸಿಂಹಲಲಾಟ: ಇವು ಒಂದೊಂದು ಜಾತಿಯ ಪ್ರಾಣಿಗಳೇ, ಶಿಲ್ಪಿಗೆ ತೋಚಿದ ಬೆರಕೆಗಳೇ?

ಪ್ರಶ್ನೆ: ಚಿತ್ರಶಾಲೆ

ಎಲ್ಲರಿಗೂ ನಮಸ್ಕಾರ. ನಾನು ಹಾಸನ ಜಿಲ್ಲೆಯ ಒಂದು ಪ್ರೌಢಶಾಲೆಯಲ್ಲಿ ಚಿತ್ರಕಲೆ ಕಲಿಸುತ್ತೇನೆ. ಕಳೆದ ತಿಂಗಳು ಒಂಬತ್ತನೆಯ ತರಗತಿಯ ಮಕ್ಕಳನ್ನು ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯಕ್ಕೆ ಕರೆದುಕೊಂಡು ಹೋಗಿದ್ದೆ. ಗೋಡೆಯ ಬುಡದಲ್ಲಿ ಸುತ್ತಿಬರುವ ಎಂಟು ಪಟ್ಟಿಕೆಗಳನ್ನು ಕೆಳಗಿನಿಂದ ಮೇಲಕ್ಕೆ ಗುರುತಿಸುವ ಕೆಲಸ ಕೊಟ್ಟಿದ್ದೆ: ಆನೆ, ಸಿಂಹ, ಬಳ್ಳಿ, ಕುದುರೆ ಸವಾರರು, ಮತ್ತೆ ಬಳ್ಳಿ, ರಾಮಾಯಣ ಮಹಾಭಾರತಗಳ ಕಥಾಸಾಲು, ಅದರ ಮೇಲೆ ಮಕರ, ಕೊನೆಗೆ ಹಂಸ. ಮಕರದ ಸಾಲಿಗೆ ಬಂದಾಗ ಮಾರ್ಗದರ್ಶಕರು ಅಂಗಗಳನ್ನು ಎಣಿಸಿ ತೋರಿಸಿದರು. ಆನೆಯ ಸೊಂಡಿಲು, ಮೊಸಳೆಯ ದವಡೆ, ಹಂದಿಯ ಕಿವಿ, ಸಿಂಹದ ಕಾಲು, ಮೀನಿನ ಮೈ, ನವಿಲಿನ ಬಾಲ ಎಂದು ಅವರು ಹೇಳಿದ್ದನ್ನು ಮಕ್ಕಳು ಬರೆದುಕೊಂಡರು.

ಅದೇ ದಿನ ಮಧ್ಯಾಹ್ನ ಬೇಲೂರಿಗೆ ಹೋದೆವು. ಅಲ್ಲಿ ಇನ್ನೊಬ್ಬರು ಹೇಳಿದ ಪಟ್ಟಿ ಬೇರೆಯಾಗಿತ್ತು. ಕಿವಿ ಹಸುವಿನದೆಂದೂ ಕಣ್ಣು ಕೋತಿಯದೆಂದೂ ಅವರು ವಿವರಿಸಿದರು. ಆಗ ಒಬ್ಬ ವಿದ್ಯಾರ್ಥಿನಿ ನನ್ನನ್ನು ಕೇಳಿದಳು: "ಸರ್, ಇದು ಒಂದೇ ಜಾತಿಯ ಪ್ರಾಣಿಯೇ? ಅಥವಾ ಒಬ್ಬೊಬ್ಬ ಶಿಲ್ಪಿಯೂ ತನಗೆ ಬೇಕಾದ ಪ್ರಾಣಿಗಳನ್ನು ಸೇರಿಸಿಕೊಂಡು ಮಾಡಿದನೇ? ಎಲ್ಲರೂ ತಮಗೆ ಬೇಕಾದಂತೆ ಮಾಡಿದ್ದರೆ ಅದನ್ನು ಮಕರ ಎಂದು ಗುರುತಿಸಿದ್ದು ಹೇಗೆ?"

ಆ ಪ್ರಶ್ನೆಗೆ ಅಲ್ಲಿಯೇ ಉತ್ತರ ಕೊಡಲು ನನ್ನಿಂದ ಆಗಲಿಲ್ಲ. ಇಪ್ಪತ್ತು ವರ್ಷಗಳಿಂದ ಈ ದೇವಾಲಯಗಳಿಗೆ ಹೋಗುತ್ತಿರುವ ನಾನೂ ಇವನ್ನು ಅಂಗಗಳ ಪಟ್ಟಿಯಾಗಿಯೇ ನೋಡುತ್ತ ಬಂದಿದ್ದೇನೆ ಎಂಬುದು ಆಗ ತಿಳಿಯಿತು. ಮಕರ, ಯಾಳಿ ಅಥವಾ ವ್ಯಾಳ, ಸಿಂಹಲಲಾಟ, ಶರಭ, ಈ ಹೆಸರುಗಳ ನಡುವಿನ ಗೆರೆ ಎಲ್ಲಿದೆ? ಮಕ್ಕಳಿಗೆ ಹೇಳಿಕೊಡಬಹುದಾದ, ಆದರೆ ಸುಳ್ಳಾಗದ ಒಂದು ದಾರಿ ಇದ್ದರೆ ದಯವಿಟ್ಟು ತಿಳಿಸಿ.

ಉತ್ತರ 1: ಅಧಿಷ್ಠಾನ

ತಮ್ಮ ವಿದ್ಯಾರ್ಥಿನಿಯ ಪ್ರಶ್ನೆ ಸರಿಯಾದ ಜಾಗವನ್ನೇ ಮುಟ್ಟಿದೆ. ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುತ್ತೇನೆ: ಈ ಪ್ರಾಣಿಗಳನ್ನು ಅಂಗಗಳಿಂದ ಗುರುತಿಸಲು ಹೊರಟರೆ ಎರಡನೆಯ ದೇವಾಲಯದಲ್ಲಿಯೇ ದಾರಿ ತಪ್ಪುತ್ತದೆ. ಅವು ಕಟ್ಟಡದಲ್ಲಿ ಎಲ್ಲಿ ನಿಂತಿವೆ, ಅಲ್ಲಿ ಯಾವ ಕೆಲಸವನ್ನು ಮಾಡುತ್ತಿವೆ ಎಂಬುದರಿಂದ ಗುರುತಿಸಿದರೆ ಬಾದಾಮಿಯಿಂದ ಹಂಪಿಯವರೆಗೆ ಆ ದಾರಿ ನಮ್ಮನ್ನು ಕೈಬಿಡುವುದಿಲ್ಲ. ಇವು ಕಾಡಿನಲ್ಲಿ ಹುಟ್ಟಿ ದೇವಾಲಯಕ್ಕೆ ಬಂದು ಸೇರಿದ ಪ್ರಾಣಿಗಳಲ್ಲ, ಕಟ್ಟಡದೊಳಗೇ ಬೆಳೆದವು.

ಮಕರವನ್ನೇ ತೆಗೆದುಕೊಳ್ಳೋಣ. ಹೆಸರು ಬಹಳ ಹಳೆಯದು. ಭಗವದ್ಗೀತೆಯ ಹತ್ತನೆಯ ಅಧ್ಯಾಯದಲ್ಲಿ ಕೃಷ್ಣನು "ಝಷಾಣಾಂ ಮಕರಶ್ಚಾಸ್ಮಿ" ಎನ್ನುತ್ತಾನೆ, ಅಂದರೆ ಮೀನುಗಳಲ್ಲಿ ನಾನು ಮಕರ ಎಂದು. ಆ ಮಾತಿನಲ್ಲಿ ಮಕರವು ಬೆರಕೆಯಲ್ಲ, ನೀರಿನಲ್ಲಿರುವ ಒಂದು ಜಾತಿ. ಅದು ವರುಣನಿಗೂ ಗಂಗೆಗೂ ವಾಹನ, ಮನ್ಮಥನ ಬಾವುಟದ ಚಿಹ್ನೆ. ಕಟ್ಟಡದಲ್ಲಿ ಅದರ ತೀರ ಹಳೆಯ ಉದಾಹರಣೆಗಳಲ್ಲಿ ಒಂದು ಬಿಹಾರದ ಬರಾಬರ್ ಬೆಟ್ಟದ ಲೋಮಸ ಋಷಿ ಗುಹೆಯ ಬಾಗಿಲಿನಲ್ಲಿದೆ. ಕ್ರಿಸ್ತಪೂರ್ವ 3ನೆಯ ಶತಮಾನದ ಆ ಕಮಾನಿನಲ್ಲಿ ಆನೆಗಳು ಸಾಲಾಗಿ ನಡೆಯುತ್ತವೆ, ಸಾಲಿನ ಎರಡು ತುದಿಗಳಲ್ಲಿ ಒಂದೊಂದು ಮಕರವಿದೆ. ಅಲ್ಲಿ ಅದರ ರೂಪ ಬಹುಮಟ್ಟಿಗೆ ಮೊಸಳೆಯದೇ, ನವಿಲಿನ ಬಾಲವೂ ಇಲ್ಲ, ಸಿಂಹದ ಕಾಲೂ ಇಲ್ಲ. ಹಳೇಬೀಡಿನ ಮಕರದೊಂದಿಗೆ ಅಂಗಕ್ಕೆ ಅಂಗ ಹೋಲಿಸಿದರೆ ಎರಡೂ ಬೇರೆ ಬೇರೆ ಪ್ರಾಣಿಗಳೆಂದೇ ಹೇಳಬೇಕಾಗುತ್ತದೆ. ಆದರೆ ಅದು ನಿಂತಿರುವ ಜಾಗ ಕಮಾನಿನ ತುದಿ. ಅಂದಿನಿಂದ ಹೊಯ್ಸಳರ ಕಾಲದವರೆಗೆ, ಅದರ ನಂತರವೂ, ಆ ಜಾಗ ಮಕರದ ಕೈಬಿಟ್ಟಿಲ್ಲ.

ಮಕರತೋರಣವೆಂಬ ಹೆಸರು ಹುಟ್ಟಿದ್ದೇ ಹೀಗೆ. ತೋರಣ ಒಂದು ಮಕರದಿಂದ ಹೊರಟು ಇನ್ನೊಂದು ಮಕರದಲ್ಲಿ ಮುಗಿಯುತ್ತದೆ. ಬಾಗಿದ ಗೆರೆಯೊಂದು ನೇರವಾದ ಕಂಬದ ಮೇಲೆ ಬಂದು ಕೂರುವ ಜಾಗದಲ್ಲಿ ಕಣ್ಣಿಗೆ ಒಂದು ನಿಲುಗಡೆ ಬೇಕಾಗುತ್ತದೆ. ಬಾಯಿ ತೆರೆದ ತಲೆ, ಮೇಲಕ್ಕೆ ಸುರುಳಿಯಾದ ಸೊಂಡಿಲು, ಹಿಂದಕ್ಕೆ ಹರಡಿಕೊಳ್ಳುವ ಬಾಲ, ಇವು ಮೂರೂ ಸೇರಿ ಆ ನಿಲುಗಡೆಯನ್ನು ಕೊಡುತ್ತವೆ. ತಾವು ಮುಂದಿನ ಸಲ ಹೋದಾಗ ಹಳೇಬೀಡಿನ ಬಾಗಿಲುವಾಡದ ಮೇಲೆ ತಾಂಡವವಾಡುವ ಶಿವನ ಎಡಬಲಗಳನ್ನು ಮಕ್ಕಳಿಗೆ ತೋರಿಸಿ. ಎರಡು ದೊಡ್ಡ ಮಕರಗಳ ಮೇಲೆ ವರುಣ ದಂಪತಿಗಳು ಕುಳಿತಿದ್ದಾರೆ. ಅಲ್ಲಿ ಮಕರದ ಬಾಲ ಯಾವ ನವಿಲಿನದೂ ಅಲ್ಲ, ಅದು ಹಬ್ಬಿದ ಎಲೆಬಳ್ಳಿ. ಖಾಲಿ ಉಳಿದ ಕಲ್ಲನ್ನು ತುಂಬುವ ಕೆಲಸ ಬಾಲದ ಪಾಲಿಗೆ ಬಂದಿರುವುದರಿಂದ ಅದಕ್ಕೆ ಆ ರೂಪ. ನೋಡಿದವರು ಅದನ್ನು ನವಿಲಿಗೆ ಹೋಲಿಸಿ ಪಟ್ಟಿಗೆ ಸೇರಿಸಿದ್ದಾರೆ ಎಂದು ನಾನು ತಿಳಿದಿದ್ದೇನೆ.

ಮಕರಕ್ಕೆ ಇನ್ನೊಂದು ಜಾಗವೂ ಉಂಟು. ಪೂರ್ವಾಭಿಮುಖವಾದ ಗರ್ಭಗೃಹದ ಉತ್ತರದ ಗೋಡೆಯಲ್ಲಿ ಅಭಿಷೇಕದ ನೀರು ಹೊರಬರುವ ಪ್ರಣಾಳವಿರುತ್ತದೆ. ನೀರು ಗೋಡೆಯ ಮೇಲೆ ಇಳಿಯದಂತೆ ಆ ಕಲ್ಲು ಹೊರಗೆ ಚಾಚಿಕೊಂಡಿರಬೇಕು. ಚಾಚಿದ ಆ ಕಲ್ಲಿಗೆ ಅನೇಕ ಕಡೆ ಮಕರದ ಮುಖವನ್ನು ಕೊಟ್ಟಿದ್ದಾರೆ. ನೀರಿನ ಪ್ರಾಣಿಯ ಬಾಯಿಂದ ನೀರು ಬರುವುದಕ್ಕಿಂತ ಸಹಜವಾದದ್ದು ಬೇರೆ ಯಾವುದಿದೆ? ಇಲ್ಲಿ ಬಾಲವೂ ಇಲ್ಲ, ಕಾಲೂ ಇಲ್ಲ. ಅಂಗಗಳ ಪಟ್ಟಿಯಲ್ಲಿ ಅರ್ಧಕ್ಕರ್ಧ ಕಾಣೆಯಾಗಿದ್ದರೂ ಅದು ಪೂರ್ಣ ಮಕರವೇ.

ವ್ಯಾಳದ ವಿಷಯ ಇದಕ್ಕಿಂತ ತೊಡಕಿನದು. ವ್ಯಾಳವೆಂಬುದು ಒಂದು ಜಾತಿಯ ಹೆಸರಲ್ಲ, ಒಂದು ಕುಲದ ಹೆಸರು. ಸಿಂಹದ ಮೈ ಸ್ಥಿರ, ತಲೆ ಮಾತ್ರ ಬದಲಾಗುತ್ತದೆ. ಸಿಂಹದ ತಲೆಯಿದ್ದರೆ ಸಿಂಹವ್ಯಾಳ, ಆನೆಯದಾದರೆ ಗಜವ್ಯಾಳ, ಕುದುರೆಯದಾದರೆ ಅಶ್ವವ್ಯಾಳ. ಮನುಷ್ಯನ ಮುಖದ್ದೂ ಗಿಳಿಯ ಮುಖದ್ದೂ ಇವೆ. ಪಶ್ಚಿಮ ಭಾರತದ ವಾಸ್ತುಗ್ರಂಥವಾದ ಅಪರಾಜಿತಪೃಚ್ಛೆ ಇಂತಹ 16 ಬಗೆಗಳನ್ನು ಹೇಳುತ್ತದೆ. ದ್ರಾವಿಡ ಶೈಲಿಯಲ್ಲಿ ಇವುಗಳ ಮುಖ್ಯವಾದ ತಾಣ ಅಧಿಷ್ಠಾನದ, ಅಂದರೆ ಗೋಡೆಗಳನ್ನು ಹೊತ್ತ ಪೀಠದ, ಮೇಲಂಚು. ಒಳಗಿನ ನೆಲದ ಮಟ್ಟ ಎಲ್ಲಿದೆಯೋ ಹೊರಗೆ ಅದೇ ಎತ್ತರದಲ್ಲಿ ವ್ಯಾಳಗಳ ಸಾಲು ಓಡುತ್ತದೆ, ಮೂಲೆಗಳಲ್ಲಿ ಮಕರದ ತಲೆಗಳು ಹೊರಚಾಚುತ್ತವೆ. 1010ರಲ್ಲಿ ಪೂರ್ಣಗೊಂಡ ತಂಜಾವೂರಿನ ಬೃಹದೀಶ್ವರದಲ್ಲಿ ಇದು ಬಹಳ ಸ್ಪಷ್ಟವಾಗಿದೆ. ಅಲ್ಲಿ ಮೂಲೆಯ ಮಕರಗಳ ಬಾಯಿಂದ ಪುಟ್ಟ ಯೋಧರು ಹೊರಬರುತ್ತಿದ್ದಾರೆ. ಮರದ ಕಟ್ಟಡಗಳ ಕಾಲದಲ್ಲಿ ನೆಲವನ್ನು ಹೊತ್ತ ತೊಲೆಗಳ ತುದಿಗಳು ಗೋಡೆಯಿಂದ ಹೊರಗೆ ಕಾಣುತ್ತಿದ್ದವು, ಕಲ್ಲಿಗೆ ಬಂದ ಮೇಲೆ ಆ ತುದಿಗಳೇ ಪ್ರಾಣಿಗಳಾದವು ಎಂಬ ವಿವರಣೆಯನ್ನು ವಾಸ್ತು ಇತಿಹಾಸಕಾರರು ಕೊಡುತ್ತಾರೆ. ನನಗೆ ಇದು ಮನಸ್ಸಿಗೆ ಒಪ್ಪುವ ಮಾತು. ತೊಲೆ ಹೋದರೂ ತೊಲೆಯ ಜಾಗವನ್ನು ವ್ಯಾಳ ಕಾಯುತ್ತ ನಿಂತಿದೆ.

ಕೀರ್ತಿಮುಖವೆಂದೂ ಕರೆಯುವ ಸಿಂಹಲಲಾಟವನ್ನು ಗುರುತಿಸುವುದು ಸುಲಭ. ಅದು ಕಮಾನಿನ ನೆತ್ತಿಯಲ್ಲಿರುತ್ತದೆ, ಸಾಮಾನ್ಯವಾಗಿ ಅದಕ್ಕೆ ಕೆಳದವಡೆ ಇರುವುದಿಲ್ಲ. ಮೇಲ್ದವಡೆಯ ಕೆಳಗಿನಿಂದ ಬಳ್ಳಿಯೋ ಮುತ್ತಿನ ಸರವೋ ಎರಡು ಕಡೆಗೂ ಇಳಿದು ಮಕರಗಳನ್ನು ಸೇರುತ್ತದೆ. ಜಲಂಧರನೆಂಬ ಅಸುರನ ಕಥೆಯಲ್ಲಿ, ರಾಹುವನ್ನು ನುಂಗಲು ಶಿವನ ಹಣೆಗಣ್ಣಿನಿಂದ ಹುಟ್ಟಿದ ಜೀವಿ, ತಿನ್ನಲು ಬೇರೇನೂ ಸಿಗದೆ ಶಿವನ ಮಾತಿನಂತೆ ತನ್ನ ಮೈಯನ್ನೇ ತಿಂದು ಮುಖವಾಗಿ ಉಳಿಯಿತು, ಶಿವನು ಅದಕ್ಕೆ ಕೀರ್ತಿಮುಖವೆಂಬ ಹೆಸರನ್ನಿಟ್ಟು ತನ್ನ ಬಾಗಿಲಿನಲ್ಲಿರುವಂತೆ ಹೇಳಿದನು. ಕಥೆಯೂ ಕೊನೆಗೆ ಅದಕ್ಕೊಂದು ಜಾಗವನ್ನೇ ಕೊಡುತ್ತದೆ ಎಂಬುದನ್ನು ಗಮನಿಸಿ.

ಉತ್ತರ 2: ಉಳಿಗಾರ

ಮೇಲಿನ ಉತ್ತರವನ್ನು ಎರಡು ಸಲ ಓದಿದೆ. ನಮ್ಮದು ಮರದ ಕೆತ್ತನೆಯ ಮನೆತನ. ದೇವರ ಮಂಟಪ, ಪ್ರಭಾವಳಿ, ಒಮ್ಮೊಮ್ಮೆ ತೇರಿನ ಕೆಲಸವನ್ನೂ ಮಾಡುತ್ತೇವೆ. ಕಲ್ಲಿನ ಶಾಸ್ತ್ರವನ್ನು ನಾನು ಓದಿದವನಲ್ಲ, ಆದರೆ ಕೈ ಕಲಿತ ಒಂದೆರಡು ಸಂಗತಿಗಳನ್ನು ಮೇಷ್ಟ್ರ ಮುಂದಿಡುತ್ತೇನೆ.

ನಮ್ಮ ತಂದೆಯವರು ನನಗೆ ಮಕರವನ್ನು ಕಲಿಸುವಾಗ ಯಾವ ಪ್ರಾಣಿಯ ಹೆಸರನ್ನೂ ಹೇಳಲಿಲ್ಲ. ಮೊದಲು ಪ್ರಭಾವಳಿಯ ಕಮಾನನ್ನು ಬರೆಸಿದರು, ಆಮೇಲೆ ಎರಡು ಕಂಬಗಳ ತಲೆಯ ಮೇಲೆ ಒಂದೊಂದು ಚೌಕವನ್ನು ಬರೆಸಿದರು. "ಈ ಚೌಕದೊಳಗೆ ಕಮಾನು ಹುಟ್ಟಬೇಕು" ಎಂದಷ್ಟೇ ಹೇಳಿದರು. ಕಣ್ಣನ್ನು ಚೌಕದ ನಡುವಿಗಿಂತ ಸ್ವಲ್ಪ ಮೇಲೆ ಇಡಬೇಕು, ಅಲ್ಲಿಂದ ಸೊಂಡಿಲಿನ ಸುರುಳಿ, ಆಮೇಲೆ ದವಡೆ, ಹಲ್ಲು, ಮುಂಗಾಲು, ಎಲ್ಲಕ್ಕಿಂತ ಕೊನೆಗೆ ಬಾಲ. ಬಾಲಕ್ಕೆ ಅಳತೆಯಿಲ್ಲ. ಉಳಿದ ಜಾಗವೇ ಅದರ ಅಳತೆ.

ಸೊಂಡಿಲು ಏಕೆ ಅಷ್ಟು ಗಟ್ಟಿಯಾಗಿ ಹಣೆಗೆ ಅಂಟಿಕೊಂಡಂತೆ ಸುತ್ತಿಕೊಂಡಿರುತ್ತದೆ ಎಂದು ಮಕ್ಕಳು ಕೇಳಬಹುದು. ಮರದಲ್ಲಿ ಅದಕ್ಕೆ ನೇರವಾದ ಕಾರಣವಿದೆ. ಸೊಂಡಿಲನ್ನು ಹೊರಗೆ ಚಾಚಿದರೆ ಮರದ ಎಳೆ ಅಡ್ಡಲಾಗಿ ಕತ್ತರಿಸಿಹೋಗುತ್ತದೆ, ಎಳೆ ಚಿಕ್ಕದಾದ ಕಡೆ ಕೊಡತಿಯ ಒಂದು ಪೆಟ್ಟಿಗೇ ತುಂಡು ಹಾರುತ್ತದೆ. ಸುತ್ತಿ ತಲೆಗೆ ಸೇರಿಸಿದರೆ ಅದು ತಲೆಯ ಬಲದಲ್ಲಿ ನಿಲ್ಲುತ್ತದೆ. ತೇಗದಲ್ಲಿಯೂ ಶಿವನಿ ಮರದಲ್ಲಿಯೂ ನಾನು ಇದನ್ನು ಅನುಭವಿಸಿದ್ದೇನೆ. ಹೊಯ್ಸಳರ ಬಳಪದ ಕಲ್ಲಿಗೆ ಎಳೆಯ ಹಂಗಿಲ್ಲ. ಗಣಿಯಿಂದ ತೆಗೆದ ಹೊಸದರಲ್ಲಿ ಮೃದುವಾಗಿದ್ದು ಗಾಳಿಗೆ ಬಿಟ್ಟ ಮೇಲೆ ಗಟ್ಟಿಯಾಗುವ ಆ ಕಲ್ಲಿನಲ್ಲಿ ಅವರು ಸುರುಳಿಯ ಹಿಂದೆಯೂ ಉಳಿಯನ್ನು ಹಾಯಿಸಿ ಕತ್ತಲೆಯನ್ನು ಉಳಿಸಿದ್ದಾರೆ. ಆ ಕತ್ತಲೆಯನ್ನು ನೋಡುವುದಕ್ಕಾಗಿಯೇ ನಾನು ವರ್ಷಕ್ಕೊಮ್ಮೆ ಹಳೇಬೀಡಿಗೆ ಹೋಗುತ್ತೇನೆ.

ಇನ್ನೊಂದು ಮಾತು. ಈ ಪ್ರಾಣಿಗಳನ್ನು ನೋಡಲು ಮಕ್ಕಳು ಅಷ್ಟು ದೂರ ಹೋಗಬೇಕಾಗಿಯೇ ಇಲ್ಲ. ಊರಿನ ದೇವಸ್ಥಾನದಲ್ಲಿ ಉತ್ಸವಮೂರ್ತಿಯ ಹಿಂದಿನ ಹಿತ್ತಾಳೆಯ ಪ್ರಭಾವಳಿಯನ್ನು ನೋಡಲಿ. ನೆತ್ತಿಯಲ್ಲಿ ಕೀರ್ತಿಮುಖ, ಬುಡದ ಎರಡು ಕಡೆ ಮಕರ, ಹಲವು ಕಡೆ ಅದರ ಕೆಳಗೆ ಕಂಬವನ್ನು ಹೊತ್ತ ಯಾಳಿ, ಇಷ್ಟೂ ಒಂದು ಮೊಳದೊಳಗೆ ಸಿಗುತ್ತವೆ. ಇಡೀ ದೇವಾಲಯದ ಬಾಗಿಲನ್ನು ಚಿಕ್ಕದು ಮಾಡಿ ದೇವರ ಬೆನ್ನಿಗೆ ನಿಲ್ಲಿಸಿದ ಹಾಗೆ ಅದು.

ಉತ್ತರ 3: ಚಿತ್ರಶಾಲೆ

ಇಬ್ಬರಿಗೂ ಹೃತ್ಪೂರ್ವಕ ವಂದನೆಗಳು. ಚೌಕದ ವಿಷಯವನ್ನು ಓದಿದ ಮೇಲೆ ನಾನು ಮನೆಯ ಪ್ರಭಾವಳಿಯನ್ನು ಇಳಿಸಿ ನೋಡಿದೆ. ನಮ್ಮದರಲ್ಲಿ ಮಕರಗಳು ಹೊರಕ್ಕೆ ಮುಖಮಾಡಿವೆ. ನಾನು ತೆಗೆದಿರುವ ಒಂದು ಹಳೆಯ ಛಾಯಾಚಿತ್ರದಲ್ಲಿ ಒಳಕ್ಕೆ ಮುಖಮಾಡಿರುವುದೂ ಇದೆ. ಇದರಲ್ಲಿ ಸರಿ ತಪ್ಪು ಎಂಬುದುಂಟೆ? ಹಾಗೆಯೇ ಶರಭದ ಪ್ರಶ್ನೆ ಉಳಿದಿದೆ. ನಮ್ಮ ರಾಜ್ಯದ ಲಾಂಛನದಲ್ಲಿ ಗಂಡಭೇರುಂಡದ ಎಡಬಲಗಳಲ್ಲಿರುವ ಆನೆಮುಖದ ಸಿಂಹಗಳನ್ನು ಶರಭ ಎನ್ನುತ್ತಾರೆ. ಮೇಲಿನ ವಿವರಣೆಯಂತೆ ಅವು ಗಜವ್ಯಾಳಗಳಾಗಬೇಕಲ್ಲವೇ? ಪರೀಕ್ಷೆಯಲ್ಲಿ ಮಕ್ಕಳು ಏನೆಂದು ಬರೆಯಬೇಕು?

ಉತ್ತರ 4: ಕಮಲಾಪುರದವಳು

ಮೊದಲು ಶರಭದ ವಿಷಯವನ್ನು ಹೇಳುತ್ತೇನೆ, ಏಕೆಂದರೆ ಇದರಲ್ಲಿ ನಾನು ಸಾಕಷ್ಟು ಜನರೊಂದಿಗೆ ವಾದ ಮಾಡಿದ್ದೇನೆ. ಪುರಾಣದ ಶರಭ ನರಸಿಂಹನ ಉಗ್ರತೆಯನ್ನು ಅಡಗಿಸಲು ಶಿವ ತಾಳಿದ ರೂಪ. ಎಂಟು ಕಾಲು, ರೆಕ್ಕೆ, ಸಿಂಹ ಮತ್ತು ಹಕ್ಕಿಗಳ ಬೆರಕೆ. ಆ ರೂಪವನ್ನು ತಮಿಳುನಾಡಿನ ದಾರಾಸುರಂನ ಐರಾವತೇಶ್ವರ ದೇಗುಲದಲ್ಲಿ ಮೂರ್ತಿಯಾಗಿಯೇ ಕಾಣಬಹುದು. ಅದು ದೇವರು, ಅದಕ್ಕೆ ಪೂಜೆ ಸಲ್ಲುತ್ತದೆ. ಲಾಂಛನದಲ್ಲಿರುವುದು ಮೈಸೂರು ಅರಸರ ಕಾಲದಿಂದ ಬಂದ ಆನೆಮುಖದ ಸಿಂಹ, ರೂಪದಲ್ಲಿ ಅದು ಗಜವ್ಯಾಳದ ಬಳಗಕ್ಕೇ ಸೇರುತ್ತದೆ. ಆದರೂ ಶರಭವೆಂಬ ಹೆಸರು ಅಧಿಕೃತವಾಗಿ ಬಳಕೆಯಲ್ಲಿದೆ, ಬಳಕೆಯ ಹೆಸರನ್ನು ತಪ್ಪೆಂದು ಹೊಡೆದುಹಾಕುವ ಅಧಿಕಾರ ನಮಗಿಲ್ಲ. ಲಾಂಛನದ ಬಗ್ಗೆ ಕೇಳಿದರೆ ಶರಭ ಎಂದೇ ಬರೆಯಲಿ, ಗೋಡೆಯ ಮೇಲೆ ಅದೇ ರೂಪವನ್ನು ಕಂಡರೆ ಗಜವ್ಯಾಳ ಎನ್ನಲಿ. ಎರಡನ್ನೂ ತಿಳಿದಿರುವ ಮಗು ಮುಂದೆ ಯಾವ ಪುಸ್ತಕವನ್ನು ಓದಿದರೂ ಗೊಂದಲಪಡುವುದಿಲ್ಲ.

ಗಂಡಭೇರುಂಡವೂ ಜಾಗ ಬದಲಾದಂತೆ ರೂಪ ಬದಲಿಸಿಕೊಂಡಿದೆ. ಶಿವಮೊಗ್ಗ ಜಿಲ್ಲೆಯ ಬಳ್ಳಿಗಾವಿಯಲ್ಲಿ 1047ರ ಕಂಬವೊಂದರ ತುದಿಯಲ್ಲಿ ಅದು ಮನುಷ್ಯನ ಮೈ, ಎರಡು ಹಕ್ಕಿತಲೆಗಳೊಂದಿಗೆ ಕಾಣಿಸಿಕೊಳ್ಳುತ್ತದೆ. ಕೆಳದಿಯ ರಾಮೇಶ್ವರ ದೇವಾಲಯದಲ್ಲಿ ಅದು ಮಾಡಿನ ಒಳಮೈಯಲ್ಲಿದೆ, ಅಲ್ಲಿ ಅದು ರೆಕ್ಕೆ ಹರಡಿದ ಪೂರ್ಣ ಹಕ್ಕಿ. ಕತ್ತೆತ್ತಿ ನೋಡುವವರಿಗೆ ರೆಕ್ಕೆ ಬೇಕು.

ನಾನಿರುವುದು ಹಂಪಿಯ ಮಗ್ಗುಲಲ್ಲಿ. ಇಲ್ಲಿಯ ಯಾಳಿಗಳನ್ನು ನೋಡದೆ ಈ ಚರ್ಚೆಯನ್ನು ಮುಗಿಸಬಾರದು. ವಿಠ್ಠಲ ದೇವಾಲಯದ ಮಂಟಪದಲ್ಲಿ ಯಾಳಿ ಪಟ್ಟಿಕೆಯಲ್ಲಿ ಓಡುವ ಗೇಣುದ್ದದ ಪ್ರಾಣಿಯಾಗಿ ಉಳಿದಿಲ್ಲ. ಅದು ಹಿಂಗಾಲುಗಳ ಮೇಲೆ ಎದ್ದು ನಿಂತು ಕಂಬವೇ ಆಗಿದೆ. ಬೆನ್ನ ಮೇಲೆ ಸವಾರನಿದ್ದಾನೆ, ಕಾಲಡಿಯಲ್ಲಿ ಆನೆಯೋ ಮಕರವೋ ಇದೆ, ತಲೆಯ ಮೇಲೆ ತೊಲೆಗೆ ಆಸರೆಯಾದ ಬೋದಿಗೆ, ಅದರ ಮೇಲೆ ತೊಲೆ, ಅದಕ್ಕೂ ಆಚೆ ಹೊರಕ್ಕೆ ಬಾಗಿ ಇಳಿಯುವ ಭಾರಿ ಕಲ್ಲಿನ ಲೋವೆ. ಆ ಲೋವೆಯ ಭಾರ ಹೊರಗಿನ ಸಾಲಿನ ಕಂಬಗಳನ್ನು ಹೊರಕ್ಕೆ ಎಳೆಯುತ್ತಿರುವಂತೆ ಕಣ್ಣಿಗೆ ತೋರುತ್ತದೆ. ಅಲ್ಲಿಯೇ, ಆ ಅಂಚಿನಲ್ಲಿಯೇ, ಹೊರಗೆ ಮುಖಮಾಡಿ ಎದ್ದುನಿಂತ ಯಾಳಿಯನ್ನು ಇಟ್ಟಿರುವುದರಿಂದ ಭಾರವನ್ನು ಯಾರೋ ಎದೆಗೊಟ್ಟು ತಡೆದಂತೆ ಅನಿಸುತ್ತದೆ. ನಿಜವಾಗಿ ಭಾರವನ್ನು ಇಳಿಸುವುದು ಹಿಂದಿನ ಕಂಬದ ಕಲ್ಲು. ಯಾಳಿ ಮತ್ತು ಕಂಬ ಒಂದೇ ಬಂಡೆಯಿಂದ ಬಂದವು. ಉಳಿಗಾರರು ಎಳೆಯ ಮಾತನ್ನು ಹೇಳಿದ್ದು ಓದಿ ನನಗೆ ನೆನಪಾದದ್ದು ಇದು: ನಮ್ಮ ಗ್ರಾನೈಟಿನಲ್ಲಿ ಬಳಪದ ಕಲ್ಲಿನಷ್ಟು ನವಿರಾದ ಕೆಲಸ ಆಗದು, ಆದ್ದರಿಂದ ಶಿಲ್ಪಿಗಳು ಯಾಳಿಯ ಮುಂಗಾಲುಗಳನ್ನೂ ಸವಾರನ ಕಾಲುಗಳನ್ನೂ ಅಲ್ಲಲ್ಲಿ ಮೈಗೆ ಸೇರಿಸಿಯೇ ಬಿಟ್ಟಿದ್ದಾರೆ. ಹೊಯ್ಸಳರ ಮಕರ ಆಭರಣದಂತೆ ಕಾಣುವುದಕ್ಕೂ ವಿಜಯನಗರದ ಯಾಳಿ ಪೈಲ್ವಾನನಂತೆ ಕಾಣುವುದಕ್ಕೂ ಅರ್ಧ ಕಾರಣ ಕಲ್ಲಿನಲ್ಲಿಯೇ ಇದೆ ಎಂದು ನನ್ನ ನಂಬಿಕೆ.

ಉತ್ತರ 5: ಅಧಿಷ್ಠಾನ

ಮಕರದ ಮುಖ ಯಾವ ಕಡೆಗಿರಬೇಕೆಂಬ ಪ್ರಶ್ನೆ ಉಳಿದಿತ್ತು. ಎರಡೂ ಸರಿ. ಒಳಮುಖವಾದ ಮಕರಗಳ ಬಾಯಿಂದ ತೋರಣ ಹೊರಟು ಮೇಲೇರುತ್ತದೆ, ಆಗ ಕಮಾನು ಅವುಗಳ ಉಸಿರಿನಂತೆ ಕಾಣುತ್ತದೆ. ಹೊರಮುಖವಾದಾಗ ಬಾಲಗಳು ಒಳಗೆ ಸೇರಿಕೊಂಡು ಕಮಾನಿನ ಬಳ್ಳಿಯಾಗುತ್ತವೆ, ತಲೆಗಳು ಅಕ್ಕಪಕ್ಕದ ಗೋಡೆಯ ಕಡೆಗೆ ನೋಡುತ್ತವೆ. ಹೊಯ್ಸಳರ ದೊಡ್ಡ ತೋರಣಗಳಲ್ಲಿ ಎರಡನೆಯದನ್ನೇ ನಾನು ಹೆಚ್ಚಾಗಿ ಕಂಡಿದ್ದೇನೆ. ಮಕ್ಕಳಿಂದ ಇದನ್ನು ಎಣಿಸಿಸಬಹುದು, ಅಂಗಗಳನ್ನು ಎಣಿಸುವುದಕ್ಕಿಂತ ಹೆಚ್ಚಿನ ತಿಳಿವಳಿಕೆ ಅದರಿಂದ ಸಿಗುತ್ತದೆ. ಸೋಮನಾಥಪುರಕ್ಕೆ ಹೋಗುವ ಅವಕಾಶವಿದ್ದರೆ ಇನ್ನೂ ಒಳ್ಳೆಯದು. 1258ರ ಕೇಶವ ದೇವಾಲಯದಲ್ಲಿ ಎಂಟರ ಬದಲು ಆರು ಪಟ್ಟಿಕೆಗಳಿವೆ. ಸಿಂಹದ ಸಾಲೂ ಒಂದು ಬಳ್ಳಿಯ ಸಾಲೂ ಬಿಟ್ಟುಹೋಗಿವೆ, ಆದರೆ ಮಕರ ಕಥೆಯ ಸಾಲಿನ ಮೇಲೆ, ಹಂಸದ ಕೆಳಗೆ, ತನ್ನ ಜಾಗದಲ್ಲಿಯೇ ಇದೆ. ನೂರಕ್ಕೂ ಹೆಚ್ಚು ವರ್ಷಗಳ ಅಂತರದಲ್ಲಿ ಸಾಲುಗಳ ಸಂಖ್ಯೆ ಬದಲಾದರೂ ಆ ಕ್ರಮವನ್ನು ಯಾರೂ ಮುರಿಯಲಿಲ್ಲ.

ಉತ್ತರ 6: ಚಿತ್ರಶಾಲೆ

ಮುಂದಿನ ತಿಂಗಳು ಸೋಮನಾಥಪುರಕ್ಕೆ ಹೋಗುವುದೆಂದು ನಿಶ್ಚಯಿಸಿದ್ದೇವೆ. ಈ ಸಲ ಮಕ್ಕಳು ಮೊದಲ ಒಂದು ಗಂಟೆ ಯಾವ ಪ್ರಾಣಿಯನ್ನೂ ಬರೆಯುವುದಿಲ್ಲ. ಕಂಬ, ಕಮಾನು, ಪಟ್ಟಿಕೆಗಳ ಗೆರೆಗಳನ್ನು ಮಾತ್ರ ಬರೆದು, ಪ್ರಾಣಿಗಳಿರುವ ಕಡೆಗಳಲ್ಲಿ ಉಳಿಗಾರರ ತಂದೆಯವರು ಹೇಳಿದಂತೆ ಖಾಲಿ ಚೌಕಗಳನ್ನು ಬಿಡುತ್ತಾರೆ. ಪ್ರಶ್ನೆ ಕೇಳಿದ ವಿದ್ಯಾರ್ಥಿನಿಗೆ ತಮ್ಮೆಲ್ಲರ ಉತ್ತರಗಳನ್ನು ಓದಿ ಹೇಳಿದೆ. ತನ್ನ ಹಳೆಯ ಪುಸ್ತಕದಲ್ಲಿ ಮಕರದ ಅಂಗಗಳ ಪಟ್ಟಿಯ ಪಕ್ಕದಲ್ಲಿ ಅವಳು "ಎಲ್ಲಿದೆ?" ಎಂದು ಇನ್ನೊಂದು ಕಲಮನ್ನು ಎಳೆದುಕೊಂಡಿದ್ದಾಳೆ.